ದಮಾಮಿಯ ದನಿ, ಕಿರ್ದಿಯ ಮೌನ

ಅಳ್ನಾವರದಿಂದ ಹಳಿಯಾಳದ ಹಾದಿ ಹಿಡಿದರೆ ಸ್ವಲ್ಪ ದೂರದಲ್ಲಿಯೇ ಜಿಲ್ಲೆ ಬದಲಾಗುತ್ತದೆ, ಮಣ್ಣು ಬದಲಾಗುತ್ತದೆ, ಕಾಡು ಆರಂಭವಾಗುತ್ತದೆ. ಆ ಕಾಡಿನ ಹಳ್ಳಿಗಳಲ್ಲಿ, ಅಂತೆಯೇ ಯಲ್ಲಾಪುರ, ಮುಂಡಗೋಡ, ಅಂಕೋಲಾ ಸೀಮೆಗಳಲ್ಲಿಯೂ ನಮ್ಮದೇ ಜಿಲ್ಲೆಯ ಕಲಘಟಗಿಯ ಅಂಚಿನಲ್ಲಿಯೂ ಬೆಳಗಾವಿಯ ಖಾನಾಪುರದ ಕಡೆಗೂ ಸಿದ್ದಿ ಸಮುದಾಯದವರು ತಲೆಮಾರುಗಳಿಂದ ನೆಲೆಸಿದ್ದಾರೆ. ಇವರ ಪೂರ್ವಜರು ಆಫ್ರಿಕದವರು. ಪೋರ್ಚುಗೀಜರು ಮೊಜಾಂಬಿಕ್ ಮೊದಲಾದ ಕಡೆಗಳಿಂದ ಗುಲಾಮರನ್ನಾಗಿ ಗೋವಾಕ್ಕೆ ತಂದವರಲ್ಲಿ ಅನೇಕರು ತಪ್ಪಿಸಿಕೊಂಡು, ಅಥವಾ ಬಿಡುಗಡೆ ಹೊಂದಿ, ಘಟ್ಟವನ್ನು ಹತ್ತಿ ಈ ಕಾಡುಗಳನ್ನು ಸೇರಿದರು. ಇಷ್ಟು ಸಂಗತಿಯನ್ನು ವಾಚಕರು ಬಲ್ಲರು. ಆದರೆ ಕಳೆದ ಎರಡು ಮೂರು ದಶಕಗಳಲ್ಲಿ ಇವರ ಹಾಡು ಕುಣಿತಗಳನ್ನು ಅರಸಿಕೊಂಡು ಎಷ್ಟು ಕ್ಯಾಮರಾಗಳು ಈ ಕಾಡನ್ನು ಹೊಕ್ಕು ಹೊರಬಂದಿವೆ ಎಂಬುದನ್ನು ಎಲ್ಲರೂ ಗಮನಿಸಿರಲಾರರು. ಅವುಗಳ ಪೈಕಿ ಗಂಭೀರವಾಗಿ ಚರ್ಚಿಸಲು ಯೋಗ್ಯವಾದ ಒಂದು ಕೃತಿಯನ್ನು ಕುರಿತು ಇಲ್ಲಿ ಬರೆಯುತ್ತಿದ್ದೇನೆ.

ಕೇರಳದಲ್ಲಿ ಹುಟ್ಟಿ ಅಮೆರಿಕದಲ್ಲಿ ನೆಲೆಸಿರುವ ಕವಿ, ಚಿತ್ರನಿರ್ದೇಶಕ ಜಯನ್ ಕೆ. ಚೆರಿಯನ್ ಅವರು ಸಾಕ್ಷ್ಯಚಿತ್ರಗಳಿಂದ ಕಥಾಚಿತ್ರಗಳ ಕಡೆಗೆ ಬಂದವರು. ಅವರ ‘ರಿದಮ್ ಆಫ್ ದಮ್ಮಾಮ್’ 2024ರಲ್ಲಿ ಚಿತ್ರೋತ್ಸವಗಳ ತೆರೆಯನ್ನು ಕಂಡಿತು. ಹೆಸರಿಗೆ ಇದು ಕಥಾಚಿತ್ರ. ಆದರೆ ಯಲ್ಲಾಪುರದ ಸಿದ್ದಿ ವಸತಿಗಳಲ್ಲಿ, ಸಿದ್ದಿ ಸಮುದಾಯದವರನ್ನೇ ಪಾತ್ರಗಳಿಗೆ ಹಾಕಿಕೊಂಡು, ಅವರ ಆಡುಮಾತಿನಲ್ಲಿಯೇ ತೆಗೆದ ಈ ಚಿತ್ರದ ಮುಕ್ಕಾಲು ಪಾಲು ಸಾಕ್ಷ್ಯಚಿತ್ರದ ಕಣ್ಣಿನಿಂದ ಕಂಡದ್ದು. ಕಥೆ ಸರಳವಾದುದು. ಹನ್ನೆರಡು ವರ್ಷದ ಬಾಲಕನೊಬ್ಬನ ಅಜ್ಜ ತೀರಿಹೋಗುತ್ತಾನೆ. ಅಜ್ಜನ ಆತ್ಮ ಮೊಮ್ಮಗನ ಮೈಮೇಲೆ ಬರುತ್ತದೆ. ಆ ಅವಸ್ಥೆಯಲ್ಲಿ ಬಾಲಕನಿಗೆ ಪೂರ್ವಜರ ಗುಲಾಮಗಿರಿಯ ನೋವು ಕನಸಾಗಿ ಕಾಣತೊಡಗುತ್ತದೆ. ಆತನನ್ನು ಸ್ವಸ್ಥಗೊಳಿಸಲು ಮನೆಯವರು, ಕೇರಿಯವರು ಪಡುವ ಪಾಡಿನ ನಡುವೆ ದಮಾಮಿಯ ಬಡಿತ ಏರುತ್ತದೆ.

ದಮಾಮಿ ಎಂದು ನಮ್ಮ ಕಡೆ ಕರೆಯುವುದು ಎರಡು ಬದಿಗೆ ಚರ್ಮ ಬಿಗಿದ ವಾದ್ಯವನ್ನೂ ಹೌದು, ಅದರೊಡನೆ ನಡೆಯುವ ಕುಣಿತವನ್ನೂ ಹೌದು. ಹಬ್ಬ, ಮದುವೆ, ಹಿರಿಯರ ಪೂಜೆ ಯಾವುದಿದ್ದರೂ ಅದು ಬೇಕು. ಪ್ರವಾಸೋದ್ಯಮದವರು ವಿಶ್ರಾಂತಿಧಾಮಗಳ ಅಂಗಳದಲ್ಲಿ ಅದನ್ನು ಅರ್ಧ ಗಂಟೆಗೆ ಕತ್ತರಿಸಿ, ಮೈಗೆ ಎಲೆ ಸುತ್ತಿಸಿ, ಮುಖಕ್ಕೆ ಬಣ್ಣ ಬಳಿಸಿ ತೋರಿಸುವುದನ್ನು ಕಂಡವರಿಗೆ ಚೆರಿಯನ್ ಅವರ ಚಿತ್ರದಿಂದ ಒಂದು ಬಗೆಯ ಸಮಾಧಾನವಾಗುವುದು ಸಹಜ. ಇಲ್ಲಿ ಬಡಿತಕ್ಕೆ ಕಾರಣವಿದೆ. ಮನೆಯಲ್ಲಿ ದುಃಖವಿದೆ, ಆ ದುಃಖಕ್ಕೆ ಬಡಿತ ಉತ್ತರವಾಗಿ ಬರುತ್ತದೆ. ಬಡಿಯುವವನು ಪ್ರೇಕ್ಷಕನ ಕಡೆಗೆ ನೋಡುವುದಿಲ್ಲ. ಸಂಗೀತವನ್ನು ಅದರ ಕೆಲಸದಿಂದ ಬೇರ್ಪಡಿಸದೆ ತೋರಿಸುವುದು ಸಣ್ಣ ಗುಣವೇನಲ್ಲ. ಕರ್ನಾಟಕದ ಜಾನಪದವನ್ನು ಕುರಿತು ದೂರದರ್ಶನದ ಕಾಲದಿಂದ ಬಂದ ಎಷ್ಟೋ ಚಿತ್ರಗಳಲ್ಲಿ ಈ ಗುಣವಿಲ್ಲ. ಕಲಾವಿದರನ್ನು ಸಾಲಾಗಿ ನಿಲ್ಲಿಸಿ, ಒಂದು ಪದ್ಯ ಹಾಡಿಸಿ, ಹಿನ್ನೆಲೆಯ ವಿವರಣೆಕಾರನು ‘ನಶಿಸುತ್ತಿರುವ ಕಲೆ’ ಎಂದು ನಿಟ್ಟುಸಿರು ಬಿಟ್ಟರೆ ಅಲ್ಲಿಗೆ ಮುಗಿಯಿತು.

ಇಷ್ಟನ್ನು ಮೆಚ್ಚಿಕೊಂಡ ಮೇಲೆ ನನ್ನ ತಕರಾರನ್ನು ಹೇಳಬೇಕು. ತಕರಾರು ಈ ಒಂದು ಚಿತ್ರದ ಮೇಲೆ ಮಾತ್ರವಲ್ಲ, ಸಿದ್ದಿಗಳ ಇತಿಹಾಸವನ್ನು ಹುಡುಕಿ ಬರುವ ಬಹುತೇಕ ಕ್ಯಾಮರಾಗಳ ಮೇಲೆ. ಅವರಿಗೆ ಇಲ್ಲಿ ಬೇಕಾಗಿರುವುದು ಆಫ್ರಿಕ. ಕಾಡಿನ ಮರೆಯಲ್ಲಿ ಕೆಡದೆ ಉಳಿದ ಒಂದು ಆಫ್ರಿಕದ ತುಣುಕು ಸಿಕ್ಕರೆ ಅವರ ಪ್ರಯಾಣ ಸಾರ್ಥಕ. ಆದರೆ ಸಿದ್ದಿಗಳು ಅಷ್ಟು ಸರಳವಾಗಿ ಕೈಗೆ ಸಿಗುವವರಲ್ಲ. ದಮಾಮ ಎಂಬ ಶಬ್ದವೇ ಪಾರಸಿಯದು, ನಗಾರಿಗೆ ಹೇಳುವ ಹೆಸರು. ಸಿದ್ದಿ ಎಂಬುದು ಅರಬಿಯ ‘ಸಯ್ಯಿದಿ’, ಅಂದರೆ ‘ನನ್ನ ಒಡೆಯ’ ಎಂಬುದರಿಂದ ಬಂದಿದೆಯೆಂದು ಬಹಳ ಜನ ವಿದ್ವಾಂಸರ ಅಭಿಪ್ರಾಯ. ಗುಲಾಮರಾಗಿದ್ದವರ ಕುಲಕ್ಕೆ ಒಡೆಯನೆಂಬ ಹೆಸರು ನಿಂತದ್ದು ಇತಿಹಾಸದ ಒಂದು ವಿಚಿತ್ರ. ಹಾಡುಗಳ ಮಾತು ನೋಡಿದರೆ ಕೊಂಕಣಿ, ಕನ್ನಡ, ಮರಾಠಿ. ಧರ್ಮಗಳೋ ಮೂರು. ಹಿಂದೂಗಳು, ಕ್ರೈಸ್ತರು, ಮುಸಲ್ಮಾನರು ಮೂವರೂ ಸಿದ್ದಿಗಳಲ್ಲಿದ್ದಾರೆ, ಮೂವರೂ ಹಿರಿಯರಿಗೆ ಎಡೆ ಇಡುತ್ತಾರೆ. ಯಲ್ಲಾಪುರ ತಾಲೂಕಿನ ಸಾತುಂಬೈಲಿನ ಸಿದ್ದಿನಾಸ ದೈವಕ್ಕೆ ಎಲ್ಲರೂ ನಡೆದುಕೊಳ್ಳುತ್ತಾರೆ. 2011ರಲ್ಲಿ ಪ್ರಕಟವಾದ, ಹೈದರಾಬಾದಿನ ಸಿ.ಸಿ.ಎಂ.ಬಿ. ಸಂಸ್ಥೆಯ ವಿಜ್ಞಾನಿಗಳ ವಂಶವಾಹಿ ಅಧ್ಯಯನವು ಸಿದ್ದಿಗಳ ರಕ್ತದಲ್ಲಿ ಬಾಂಟು ಮೂಲದ ಆಫ್ರಿಕವನ್ನೂ, ಜೊತೆಗೆ ಭಾರತವನ್ನೂ, ಪ್ರಾಯಶಃ ಪೋರ್ಚುಗೀಜ ಅಂಶವನ್ನೂ ಗುರುತಿಸಿತು. ಹೀಗಿರುವಾಗ ಬೇರೆಲ್ಲವನ್ನೂ ಸೋಸಿ ತೆಗೆದು ಆಫ್ರಿಕವನ್ನು ಮಾತ್ರ ತೆರೆಯ ಮೇಲೆ ಇಡುವುದು ಅರ್ಧ ತೂಕದ ವ್ಯಾಪಾರ.

ಈ ದೃಷ್ಟಿಯಿಂದ ಗುಜರಾತಿನ ಸಿದ್ದಿಗಳನ್ನು ಕುರಿತ ಚಿತ್ರಗಳು ಹೆಚ್ಚು ಸಾವಧಾನದಿಂದ ಕೆಲಸ ಮಾಡಿವೆ. ಬೆಹರೋಜ್ ಶ್ರಾಫ್ ಅವರ ಸಾಕ್ಷ್ಯಚಿತ್ರಗಳು ಆ ಸಮುದಾಯದವರನ್ನೇ ಮಾತನಾಡಲು ಬಿಡುತ್ತವೆ. ಸಂಗೀತಶಾಸ್ತ್ರಜ್ಞರಾದ ನಜೀರ್ ಜೈರಾಜಭಾಯ್ ಮತ್ತು ಏಮಿ ಕ್ಯಾಟ್ಲಿನ್ ದಂಪತಿ ಸಿದ್ದಿ ಸಂಗೀತವನ್ನು ಕುರಿತು 2003ರಲ್ಲಿ ಹೊರತಂದ ‘ಫ್ರಮ್ ಆಫ್ರಿಕಾ ಟು ಇಂಡಿಯಾ’ ಎಂಬ ಚಿತ್ರವು ವಾದ್ಯಗಳನ್ನು ಒಂದೊಂದಾಗಿ ಎತ್ತಿ ನೋಡುತ್ತದೆ. ಸೋರೆಬುರುಡೆ ಕಟ್ಟಿದ, ಒಂದೇ ತಂತಿಯ, ಬಿಲ್ಲಿನ ಆಕಾರದ ಮಲುಂಗಾ ಅಲ್ಲಿಯ ವಿಶೇಷ. ಅಲ್ಲಿಯ ಕುಣಿತಕ್ಕೆ ಗೋಮಾ ಎಂಬ ಹೆಸರಿದೆ. ಪೂರ್ವ ಆಫ್ರಿಕದ ಸ್ವಾಹಿಲಿ ಭಾಷೆಯಲ್ಲಿ ‘ನ್ಗೋಮಾ’ ಎಂದರೆ ನಗಾರಿ, ಕುಣಿತ. ಅಲ್ಲಿ ಮೂಲದ ಶಬ್ದ ಉಳಿದಿದೆ, ನಮ್ಮ ಕಡೆ ಪಾರಸಿ ಶಬ್ದ ನಿಂತಿದೆ. ಈ ಎರಡು ಕವಲುಗಳ ವ್ಯತ್ಯಾಸವನ್ನು ಅರ್ಥ ಮಾಡಿಕೊಂಡರೆ ಗೋವಾದ ದಾರಿ ಬೇರೆ, ಭರೂಚದ ದಾರಿ ಬೇರೆ ಎಂಬುದು ಸ್ಪಷ್ಟವಾಗುತ್ತದೆ. ಗುಜರಾತಿನ ಸಿದ್ದಿಗಳು ಪೂಜಿಸುವ ಸಂತ ಬಾವಾ ಗೋರ್ ಅಕೀಕ ಹರಳಿನ ವ್ಯಾಪಾರಿಯಾಗಿದ್ದನೆಂದು ಅವರ ಐತಿಹ್ಯ ಹೇಳುತ್ತದೆ. ಆಫ್ರಿಕದಿಂದ ಬಂದವರೆಲ್ಲ ಸರಪಳಿಯಲ್ಲಿ ಬಂದವರಲ್ಲ, ಕೆಲವರು ತಕ್ಕಡಿ ಹಿಡಿದೂ ಬಂದರೆಂದು ಆ ಸಮುದಾಯ ನಂಬಿದೆ. ನಮ್ಮ ವ್ಯಾಪಾರಿ ವಾಚಕರಿಗೆ ಈ ಸಂಗತಿ ಹಿಡಿಸಬಹುದೆಂದು ಪ್ರಾಸಂಗಿಕವಾಗಿ ಹೇಳಿದೆ.

ಈಗ ಮುಖ್ಯ ವಿಷಯ. ಚೆರಿಯನ್ ಅವರ ಚಿತ್ರದ ಮನಸ್ಸೆಲ್ಲ ಕನಸಿನಲ್ಲಿದೆ, ಮೈದುಂಬುವಿಕೆಯಲ್ಲಿದೆ. ಪೂರ್ವಜರ ನೋವು ಬಾಲಕನ ದೇಹದಲ್ಲಿ ಮರಳಿ ಬರುತ್ತದೆ ಎಂಬ ಕಲ್ಪನೆ ಬಲವಾದದ್ದು, ಕಾವ್ಯಕ್ಕೆ ತಕ್ಕದ್ದು. ಆದರೆ ಹಳಿಯಾಳದ, ಕಲಘಟಗಿಯ ಸಿದ್ದಿಯನ್ನು ಇಂದು ಕಾಡುವ ಪ್ರಶ್ನೆ ಕನಸಿನದಲ್ಲ, ಕಾಗದದ್ದು. ತಾನು ಯಾರು, ಎಂದಿನಿಂದ ಇಲ್ಲಿದ್ದೇನೆ ಎಂಬುದನ್ನು ಆತ ಕಚೇರಿಯ ಮೇಜಿನ ಮುಂದೆ ನಿಂತು ರುಜುವಾತು ಮಾಡಬೇಕಾಗಿದೆ. ಒಂದು ಜನಾಂಗದ ಇತಿಹಾಸವನ್ನು ಹೇಳಹೊರಟ ಚಿತ್ರಕಾರನು ದಮಾಮಿಯನ್ನು ಕೇಳಿದಷ್ಟೇ ಶ್ರದ್ಧೆಯಿಂದ ಈ ಕಾಗದವನ್ನೂ ಓದಬೇಕಾಗಿತ್ತು.

ಕಾನೂನಿನ ಹಾದಿಯನ್ನು ತುಸು ವಿವರಿಸುವುದು ಅಗತ್ಯ. ಕರ್ನಾಟಕದ ಸಿದ್ದಿಗಳನ್ನು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿಸಿದ್ದು 2003ರಲ್ಲಿ. ಆದರೆ ಆ ಪಟ್ಟಿಯಲ್ಲಿ ‘ಉತ್ತರ ಕನ್ನಡ ಜಿಲ್ಲೆಯಲ್ಲಿ’ ಎಂಬ ಒಂದು ಮಾತಿತ್ತು. ಅಂದರೆ ಹಳಿಯಾಳದಲ್ಲಿರುವ ಅಣ್ಣ ಪಂಗಡಕ್ಕೆ ಸೇರಿದ, ಕಲಘಟಗಿಗೆ ಬಂದು ನೆಲೆಸಿದ ತಮ್ಮ ಸೇರಲಿಲ್ಲ. ಇಬ್ಬರ ಮನೆಯಲ್ಲಿಯೂ ಹಿರಿಯರ ಪೂಜೆ ಒಂದೇ, ದಮಾಮಿ ಒಂದೇ. ಬೆಳಗಾವಿ, ಧಾರವಾಡ ಜಿಲ್ಲೆಗಳ ಸಿದ್ದಿಗಳನ್ನೂ ಪಟ್ಟಿಗೆ ಸೇರಿಸುವ ತಿದ್ದುಪಡಿ ಸಂಸತ್ತಿನಲ್ಲಿ ಅಂಗೀಕಾರವಾದದ್ದು 2020ರಲ್ಲಿ. ಅದೇ ವರ್ಷ ಯಲ್ಲಾಪುರ ಕಡೆಯ ಶಾಂತಾರಾಮ ಸಿದ್ದಿಯವರು ವಿಧಾನ ಪರಿಷತ್ತಿಗೆ ನಾಮಕರಣಗೊಂಡು ಆ ಸಮುದಾಯದ ಮೊದಲ ಶಾಸಕರಾದರು. ನಡುವಿನ 17 ವರ್ಷ ನಮ್ಮ ಜಿಲ್ಲೆಯ ಸಿದ್ದಿಗೆ ಸರ್ಕಾರದ ಕಣ್ಣಿನಲ್ಲಿ ಆ ಗುರುತು ಇರಲಿಲ್ಲ.

ಇದರ ಪರಿಣಾಮ ವಿದ್ಯಾರ್ಥಿವೇತನ, ನೌಕರಿಗಳಿಗೆ ಮಾತ್ರ ಸೀಮಿತವಲ್ಲ. 2006ರ ಅರಣ್ಯ ಹಕ್ಕು ಕಾಯ್ದೆಯ ಪ್ರಕಾರ ಪರಿಶಿಷ್ಟ ಪಂಗಡದವನು 2005ರ ಡಿಸೆಂಬರ್ 13ಕ್ಕಿಂತ ಮೊದಲಿನಿಂದ ಆ ಅರಣ್ಯಭೂಮಿಯನ್ನು ಅವಲಂಬಿಸಿದ್ದನೆಂದು ತೋರಿಸಿದರೆ ಸಾಕು. ಪಂಗಡದ ಪಟ್ಟಿಯಲ್ಲಿಲ್ಲದವನು ಅದೇ ದಿನಾಂಕದಿಂದ ಹಿಂದಕ್ಕೆ ಮೂರು ತಲೆಮಾರು, ಅಂದರೆ 75 ವರ್ಷಗಳ ವಾಸವನ್ನು ತೋರಿಸಬೇಕು. ಲೆಕ್ಕ ಹಾಕಿದರೆ 1930ಕ್ಕೆ ಹೋಗಿ ನಿಲ್ಲುತ್ತದೆ. ಓದು ಬರಹಕ್ಕೆ ಅವಕಾಶವೇ ಇಲ್ಲದೆ ಕಾಡಿನಲ್ಲಿ ಬದುಕಿದ ಕುಟುಂಬ 1930ರ ಕಾಗದವನ್ನು ಎಲ್ಲಿಂದ ತರಬೇಕು? ಈ ಕಾಯ್ದೆಯ ನಿಯಮಗಳು ಒಂದು ವಿವೇಕದ ಕೆಲಸ ಮಾಡಿವೆ. ಸರ್ಕಾರಿ ದಾಖಲೆಗಳ ಜೊತೆಗೆ ಹಿರಿಯರ ಹೇಳಿಕೆ, ವಂಶಾವಳಿ, ಹಳೆಯ ಬಾವಿ, ಸ್ಮಶಾನ, ಪವಿತ್ರ ಸ್ಥಳ, ಪ್ರತಿಷ್ಠಿತ ಸಂಸ್ಥೆಗಳು ಮಾಡಿದ ರೂಢಿ-ಸಂಪ್ರದಾಯಗಳ ಅಧ್ಯಯನ ಇವುಗಳನ್ನೂ ಸಾಕ್ಷ್ಯವೆಂದು ಒಪ್ಪುತ್ತವೆ.

ಸಾಕ್ಷ್ಯ ಎಂಬ ಪದವನ್ನು ವಾಚಕರು ಗಮನಿಸಬೇಕು. ‘ಸಾಕ್ಷ್ಯಚಿತ್ರ’ ಎಂದು ಕನ್ನಡದಲ್ಲಿ ಎಷ್ಟು ಸಲೀಸಾಗಿ ಹೇಳುತ್ತೇವೆ! ಆದರೆ ಸಾಕ್ಷಿಯ ಕಟಕಟೆಗೆ ಹತ್ತಿಸಬಹುದಾದ ಚಿತ್ರಗಳು ಎಷ್ಟಿವೆ? ದಮಾಮಿಯ ನಡುವಿನ ವಿಶ್ರಾಂತಿಯಲ್ಲಿ ವೃದ್ಧೆಯೊಬ್ಬಳು ತನ್ನ ತಾಯಿ ಯಾವ ಊರಿನಿಂದ ಬಂದಳು, ಯಾವ ಗುಡ್ಡದ ಮಗ್ಗುಲಲ್ಲಿ ಆಕೆಯನ್ನು ಮಣ್ಣು ಮಾಡಿದರು, ಯಾರ ತೋಟದಲ್ಲಿ ಎಷ್ಟು ವರ್ಷ ದುಡಿದರು ಎಂದು ಹೇಳತೊಡಗಿದರೆ ಸಂಕಲನಕಾರನ ಕತ್ತರಿ ಮೊದಲು ಬೀಳುವುದು ಅಲ್ಲಿಯೇ. ಅದು ನೀರಸ, ಬರಿಯ ಹೆಸರುಗಳ ಪಟ್ಟಿ ಎಂಬುದು ಅವರ ಅಭಿಪ್ರಾಯ. ಕುಣಿತ ಉಳಿಯುತ್ತದೆ, ಪಟ್ಟಿ ಹೋಗುತ್ತದೆ. ನನಗೆ ಆ ಪಟ್ಟಿಯೇ ಇತಿಹಾಸವೆಂದು ತೋರುತ್ತದೆ. ಟಿ.ಸಿ. ಪಾಲಾಕ್ಷಪ್ಪನವರು 1976ರಲ್ಲಿ ಉತ್ತರ ಕನ್ನಡದ ಸಿದ್ದಿಗಳನ್ನು ಕುರಿತು, ಸಿಪ್ರಿಯನ್ ಲೋಬೊ ಅವರು 1984ರಲ್ಲಿ ಕರ್ನಾಟಕದ ಸಿದ್ದಿಗಳನ್ನು ಕುರಿತು ಇಂಗ್ಲಿಷಿನಲ್ಲಿ ಬರೆದ ಪುಸ್ತಕಗಳಲ್ಲಿ ರಮ್ಯತೆ ಇಲ್ಲ. ಇಂದಿಗೂ ಸಿದ್ದಿಗಳ ವಿಷಯ ಬರೆಯುವವರು ಮೊದಲು ಕೈಚಾಚುವುದು ಅವುಗಳಿಗೇ. ಕಾರಣ, ಅವರು ಎಣಿಸಿದರು, ಕೇಳಿದರು, ಬರೆದಿಟ್ಟರು.

ಹಾಡಿನ ಒಡೆತನದ ಪ್ರಶ್ನೆಯೂ ಇದರ ಪಕ್ಕದಲ್ಲಿಯೇ ಇದೆ. 2021ರಲ್ಲಿ ತೆರೆಕಂಡ ‘ಸಲಗ’ ಎಂಬ ಕನ್ನಡ ಚಲನಚಿತ್ರದಲ್ಲಿ ರಂಗಭೂಮಿಯ ಹಿನ್ನೆಲೆಯ ಗಿರಿಜಾ ಸಿದ್ದಿ, ಗೀತಾ ಸಿದ್ದಿ ಮೊದಲಾದವರು ಹಾಡಿದ ಗೀತೆ ನಾಡಿನಲ್ಲೆಲ್ಲ ಮಾರ್ದನಿಸಿತು. ಹಾಡಿದವರ ಹೆಸರು ಜನರಿಗೆ ತಿಳಿಯಿತು, ಅವರು ವೇದಿಕೆ ಏರಿದರು. ಇದನ್ನು ಜಾನಪದದ ಅಪಚಾರವೆಂದು ಮೂಗು ಮುರಿದ ಪಂಡಿತರ ಮಾತಿಗೆ ನನ್ನ ಸಮ್ಮತಿಯಿಲ್ಲ. ಪೇಟೆಗೆ ಬಂದ ಸರಕಿಗೆ ತಯಾರಿಸಿದವನ ಹೆಸರೂ ತಕ್ಕ ಬೆಲೆಯೂ ಇದ್ದರೆ ಅದರಲ್ಲಿ ಅವಮಾನವೇನಿದೆ? ಅವಮಾನವಿರುವುದು ಹೆಸರಿಲ್ಲದೆ ಒಯ್ಯುವುದರಲ್ಲಿ. ‘ಸಿದ್ದಿ ಬುಡಕಟ್ಟಿನ ಕಲಾವಿದರು’ ಎಂಬ ಒಂದೇ ಸಾಲಿನಲ್ಲಿ ಹತ್ತು ಜನರನ್ನು ಮುಗಿಸಿಬಿಡುವ ಚಿತ್ರಗಳು ಈಗಲೂ ಬರುತ್ತಿವೆ. ಉದ್ರಿ ಪುಸ್ತಕದಲ್ಲಿಯಾದರೂ ಗಿರಾಕಿಯ ಹೆಸರು ಬರೆಯದೆ ಬಾಕಿ ಬರೆಯಲು ಬರುವುದಿಲ್ಲ.

ಒಯ್ದದ್ದನ್ನು ಮರಳಿಸುವ ಸಂಪ್ರದಾಯ ಚಿತ್ರಲೋಕಕ್ಕೆ ತಿಳಿಯದ್ದೇನಲ್ಲ. ಡಚ್ ವಿದ್ವಾಂಸ ಆರ್ನಾಲ್ಡ್ ಬಾಕೆ ಅವರು 1938ರಲ್ಲಿ ದಕ್ಷಿಣ ಭಾರತದಲ್ಲಿ ಸಂಚರಿಸಿ ಹಾಡುಗಳನ್ನು ಮುದ್ರಿಸಿಕೊಂಡರು, ಕುಣಿತಗಳನ್ನು ಚಿತ್ರೀಕರಿಸಿಕೊಂಡರು. ನಾನು ಮೇಲೆ ಹೆಸರಿಸಿದ ಜೈರಾಜಭಾಯ್ ದಂಪತಿ 1984ರಲ್ಲಿ ಆ ಮುದ್ರಿಕೆಗಳ ಪ್ರತಿಗಳನ್ನು ಹೊತ್ತುಕೊಂಡು ಕರ್ನಾಟಕ, ಕೇರಳ, ತಮಿಳುನಾಡುಗಳ ಅವೇ ಸ್ಥಳಗಳಿಗೆ ಹೋದರು. ಹಳೆಯ ದನಿಯನ್ನು ಅದೇ ಊರಿನವರಿಗೆ ಕೇಳಿಸಿ, ಏನು ಉಳಿದಿದೆ, ಏನು ಬದಲಾಗಿದೆ ಎಂದು ವಿಚಾರಿಸಿ, ಆ ವಿಚಾರಣೆಯನ್ನೇ ಚಿತ್ರವಾಗಿಸಿದರು. ಸಂಗೀತದ ಸಾಕ್ಷ್ಯಚಿತ್ರಕ್ಕೆ ಇದಕ್ಕಿಂತ ಒಳ್ಳೆಯ ಮಾದರಿ ನನಗೆ ಕಾಣುವುದಿಲ್ಲ. ಚಿತ್ರೋತ್ಸವಗಳಲ್ಲಿ ಮೆಚ್ಚುಗೆ ಪಡೆದ ಚಿತ್ರವನ್ನು ಹಳಿಯಾಳದ ಸಂತೆಯ ದಿನ, ಕಲಘಟಗಿಯ ಶಾಲೆಯ ಅಂಗಳದಲ್ಲಿ ಒಂದು ತೆರೆ ಕಟ್ಟಿ ತೋರಿಸಲು ಎಷ್ಟು ಖರ್ಚು ಬಿದ್ದೀತು?

ಸಿದ್ದಿಗಳು ಇನ್ನೊಬ್ಬರ ಕಥೆಯಲ್ಲಿ ಕುಣಿಯುವವರಾಗಿ ಮಾತ್ರ ಉಳಿದಿಲ್ಲ ಎಂಬುದನ್ನೂ ಇಲ್ಲಿ ನೆನೆಯಬೇಕು. 1980ರ ದಶಕದಲ್ಲಿಯೇ ಹೆಗ್ಗೋಡಿನ ನೀನಾಸಮ್‌ನ ಚಿದಂಬರರಾವ್ ಜಂಬೆಯವರು ಮಂಚಿಕೇರಿಯಲ್ಲಿ ಸಿದ್ದಿಗಳಿಂದ ನಾಟಕವಾಡಿಸಿದರು. ಆರಿಸಿಕೊಂಡದ್ದು ನೈಜೀರಿಯದ ಚಿನುವಾ ಅಚಿಬೆಯ ಕಾದಂಬರಿಯ ರಂಗರೂಪ. ಆಫ್ರಿಕದ ಕಥೆಯನ್ನು ಕನ್ನಡದಲ್ಲಿ, ಆಫ್ರಿಕದ ಸಂತತಿ, ಯಲ್ಲಾಪುರದ ಕಾಡಿನಲ್ಲಿ ಆಡಿತು. ಅಂದು ಬಿತ್ತಿದ್ದರಿಂದ ಇಂದಿನ ಸಿದ್ದಿ ನಟನಟಿಯರ ಒಂದು ಪೀಳಿಗೆ ಬೆಳೆಯಿತೆಂದರೆ ತಪ್ಪಾಗಲಾರದು. ಚೆರಿಯನ್ ಅವರಿಗೆ ಅಷ್ಟು ಸಹಜವಾಗಿ ಅಭಿನಯಿಸುವವರು ದೊರೆತುದಕ್ಕೆ ಆ ಹಿನ್ನೆಲೆಯೂ ಕಾರಣ. (ಸಿದ್ದಿ ಹೆಂಗಸರು ಹೊಲಿಯುವ ಕೌದಿಗಳು ಅಮೆರಿಕದ ವಿದ್ವಾಂಸ ಹೆನ್ರಿ ಡ್ರುವಲ್ ಅವರ ಮೂಲಕ ವಿದೇಶದ ಪ್ರದರ್ಶನಗಳನ್ನು ಸೇರಿದ ಸಂಗತಿ ಬೇರೆಯೇ ಲೇಖನಕ್ಕೆ ವಿಷಯವಾದೀತು.)

ನನ್ನ ತಕರಾರಿನ ಕೊನೆಯ ಭಾಗ ಚಿತ್ರಕಾರರಿಗಿಂತ ನಮ್ಮ ವಾಚಕರಿಗೇ ಹೆಚ್ಚು ಸಂಬಂಧಿಸಿದ್ದು. ಸಿದ್ದಿಗಳ ಇತಿಹಾಸ ಸಿದ್ದಿಗಳ ನೆನಪಿನಲ್ಲಿ ಮಾತ್ರ ಇದೆಯೆಂದು ಚಿತ್ರಕಾರರು ಭಾವಿಸುತ್ತಾರೆ. ಆದುದರಿಂದಲೇ ದಮಾಮಿಯ ಬಳಿಗೆ ಹೋಗುತ್ತಾರೆ. ಆ ಇತಿಹಾಸದ ಇನ್ನೊಂದು ಪಾಲು ಸಿದ್ದಿಗಳ ಕೈಯಲ್ಲಿ ಎಂದೂ ಇರಲಿಲ್ಲ. ಕೂಲಿ ಕೊಟ್ಟವರು, ಸಾಲ ಕೊಟ್ಟವರು, ಭೂಮಿ ಗೇಣಿಗೆ ಕೊಟ್ಟವರು, ಜೇನು ಸೀಗೆಕಾಯಿ ಕೊಂಡವರು, ಅಕ್ಕಿ ಉಪ್ಪು ಮಾರಿದವರು, ಅವರ ಕಪಾಟುಗಳಲ್ಲಿ ಅದು ಇದೆ. ನಮ್ಮ ಅಳ್ನಾವರ ರೈಲು ಕೂಡುವ ಊರು. ದಾಂಡೇಲಿಯ ಕಡೆಗೆ ಕವಲೊಡೆಯುವ ಹಳಿಯ ಮೇಲೆ ಕಾಡಿನ ಮರಮುಟ್ಟು ಇಳಿದು ಬಂದಿತು, ಪೇಟೆಯ ಸಾಮಾನು ಏರಿ ಹೋಯಿತು. ಇಂಥ ಊರುಗಳ ಹಳೆಯ ಅಂಗಡಿ, ವಖಾರಿಗಳಲ್ಲಿ ಪ್ರತಿ ದೀಪಾವಳಿಗೆ ಪೂಜೆಗೊಂಡು, ಮರುವರ್ಷ ಅಟ್ಟ ಸೇರಿದ ಕಿರ್ದಿ, ಖತಾವಣಿಗಳೆಷ್ಟು! ಅವುಗಳಲ್ಲಿ ಕಾಡಿನ ಗಿರಾಕಿಯ ಹೆಸರಿನ ಮುಂದೆ ಊರಿನ ಹೆಸರನ್ನೂ ಜಾತಿಯನ್ನೂ ಬರೆಯುವುದು ರೂಢಿಯಾಗಿತ್ತು. ಬಾಕಿ ವಸೂಲಿಗೆ ಹೋಗಬೇಕಾದವನಿಗೆ ಊರು ತಿಳಿಯದಿದ್ದರೆ ಹೇಗೆ? ವಸೂಲಿಗಾಗಿ ಬರೆದ ಆ ಊರಿನ ಹೆಸರು ಇಂದು ಬೇರೊಂದು ಕೆಲಸಕ್ಕೆ ಬರಬಹುದು. ಇಂತಹ ಸಿದ್ದಿ ಇಂತಹ ಹಳ್ಳಿಯಲ್ಲಿ ಇಂತಹ ಮಿತಿಯಂದು ಇದ್ದನೆಂಬುದಕ್ಕೆ ಆ ಸಾಲು ಹಿರಿಯರ ಹೇಳಿಕೆಗೆ ಬೆಂಬಲವಾದೀತು.

ದೇವಸ್ಥಾನ, ಬಸದಿ, ಮಠಗಳ ಟ್ರಸ್ಟುಗಳ ಲೆಕ್ಕಪತ್ರಕ್ಕೂ ಈ ಮಾತು ಸಲ್ಲುತ್ತದೆ. ಉತ್ಸವಕ್ಕೆ ವಾದ್ಯದವರನ್ನು ಕರೆಸಿದ ಖರ್ಚು, ಕಟ್ಟಿಗೆ ತಂದವರಿಗೆ ಕೊಟ್ಟ ಕೂಲಿ, ಜಮೀನಿನ ಗೇಣಿ ಇವೆಲ್ಲ ಅಲ್ಲಿ ಬರೆಯಲ್ಪಟ್ಟಿರುತ್ತವೆ. ಚಿತ್ರ ತೆಗೆಯುವವರು ಬಂದು ಕೇಳಿದಾಗ ಟ್ರಸ್ಟಿನವರು ಗರ್ಭಗುಡಿಯ ಶಿಲ್ಪವನ್ನು ತೋರಿಸುತ್ತಾರೆ, ಶಾಸನವನ್ನು ತೋರಿಸುತ್ತಾರೆ, ಲೆಕ್ಕದ ಪುಸ್ತಕವನ್ನು ತೋರಿಸುವುದಿಲ್ಲ. ಹಳೆಯ ಸಾಲದ ಲೆಕ್ಕ ಹೊರಗೆ ಬಂದರೆ ಮನೆತನದ ಮರ್ಯಾದೆಗೆ ಕುಂದೆಂಬ ಅಳುಕು ಕೆಲವರಿಗಿದೆ. ಆ ಅಳುಕು ನನಗೆ ಅರ್ಥವಾಗುತ್ತದೆ, ಆದರೆ ಒಪ್ಪಿಗೆಯಾಗುವುದಿಲ್ಲ. 1843ರ ಕಾಯ್ದೆಯ ಅನಂತರ ಈ ದೇಶದ ನ್ಯಾಯಾಲಯಗಳು ಗುಲಾಮನ ಮೇಲೆ ಒಡೆಯನ ಹಕ್ಕನ್ನು ಮಾನ್ಯ ಮಾಡಲಿಲ್ಲ. ಆಮೇಲೆ ಮನುಷ್ಯನನ್ನು ತೋಟಕ್ಕೆ ಕಟ್ಟಿಹಾಕಿದ್ದು ಸರಪಳಿಯಲ್ಲ, ಸಾಲದ ಬರಹ. ಚೆರಿಯನ್ ಅವರ ಬಾಲಕನು ಕನಸಿನಲ್ಲಿ ಸರಪಳಿಯ ಕಾಲವನ್ನು ಕಾಣುತ್ತಾನೆ. ಆತನ ಅಜ್ಜನ ಕಾಲದ ಬಂಧನದ ಗುರುತು ಸಿಗಬೇಕಾದರೆ ಯಾರದೋ ಅಟ್ಟದ ಮೇಲಿನ ಕೆಂಪು ಬಟ್ಟೆಯ ರಟ್ಟಿನ ಪುಸ್ತಕವನ್ನು ತೆರೆಯಬೇಕು.

ತೆರೆದರೂ ಒಂದು ತೊಡಕಿದೆ. ಧಾರವಾಡ, ಬೆಳಗಾವಿ ಸೀಮೆಗಳಂತೆ ಉತ್ತರ ಕನ್ನಡವೂ 1862ರಿಂದ ಮುಂಬಯಿ ಪ್ರಾಂತದಲ್ಲಿದ್ದಿತು. ನಮ್ಮ ಕಡೆಯ ಹಳೆಯ ಲೆಕ್ಕಪತ್ರಗಳಲ್ಲಿ ಬಹಳಷ್ಟು ಮೋಡಿ ಲಿಪಿಯಲ್ಲಿವೆ. ಲೇಖನಿ ಎತ್ತದೆ ಓಡಿಸಿ ಬರೆಯುವ ಆ ಲಿಪಿಯನ್ನು ಇಂದಿನ ಮಕ್ಕಳು ಓದಲಾರರು. ಓ‌ದಬಲ್ಲವರು ನಮ್ಮ ತಾಲೂಕುಗಳಲ್ಲಿ ಬೆರಳೆಣಿಕೆಯಷ್ಟು ಮಂದಿ, ಎಲ್ಲರೂ ವಯಸ್ಸಾದವರು. ಮುಂದೆ ಯಾವ ಚಿತ್ರಕಾರನಾದರೂ ಸಿದ್ದಿಗಳ ಸಂಗೀತವನ್ನು ಹುಡುಕಿಕೊಂಡು ಈ ಕಡೆ ಬಂದರೆ ಅವನ ಒಂದು ಕ್ಯಾಮರಾ ಸಾತುಂಬೈಲಿನ ಜಾತ್ರೆಯಲ್ಲಿರಲಿ. ಇನ್ನೊಂದು, ಮೋಡಿ ಬಲ್ಲ ಇಂಥ ಹಿರಿಯರೊಬ್ಬರು ಹಳೆಯ ಖತಾವಣಿಯ ಮೇಲೆ ಬೆರಳಿಟ್ಟು ಒಂದೊಂದೇ ಹೆಸರನ್ನು ಗಟ್ಟಿಯಾಗಿ ಓದುವಾಗ ಅವರ ಎದುರಿನಲ್ಲಿರಲಿ. ಕೇಳಲು ಆ ಹೆಸರಿನ ಮನೆತನದವರೂ ಪಕ್ಕದಲ್ಲಿ ಕುಳಿತಿರಲಿ.